ನೀಮೋನ ಹಾಲ್ಗಡಲು

ಕಳೆದ ಚಳಿಗಾಲದಲ್ಲಿ ನನ್ನ ಹನ್ನೊಂದು ವರ್ಷದ ಮಗಳು ಒಂದು ಕಲ್ಪನೆಯ ದೇಶದ ನಕ್ಷೆ ಬರೆದಳು. ದೇಶದ ಪೂರ್ವಕ್ಕೆ ರಾತ್ರಿಯೆಲ್ಲ ಬೆಳಗುವ ಕಡಲು. ‘ಯಾಕೆ ಬೆಳಗುತ್ತದೆ?’ ಎಂದೆ. ‘ಮ್ಯಾಜಿಕ್ ಅಪ್ಪ’ ಎಂದಳು. ಆಡಿಟ್ ಮಾಡಿಯೇ ಹೊಟ್ಟೆ ಹೊರೆಯುವವನಿಗೆ ಅಷ್ಟು ಉತ್ತರ ಸಾಲದು. ಕುಮಟಾದಲ್ಲಿ ಹುಡುಗನಾಗಿದ್ದಾಗ ಕತ್ತಲಲ್ಲಿ ನೀರಿಗೆ ಕಾಲಿಟ್ಟರೆ ನೀಲಿ ಕಿಡಿ ಹಾರುವುದನ್ನು ನಾನೇ ಕಂಡಿದ್ದೆ. 2020ರ ಕೊನೆಗೆ ನಮ್ಮ ಕರಾವಳಿಯ ಅಲೆಗಳು ಹಾಗೆಯೇ ಹೊಳೆದಾಗ ಊರಿನಿಂದ ಫೋಟೋಗಳ ಮೇಲೆ ಫೋಟೋ ಬಂದವು. ಡಚ್ಚರು ಇದಕ್ಕೆ ‘ಜೇವೊಂಕ್’ ಎನ್ನುತ್ತಾರೆ, ಕಡಲಕಿಡಿ ಎಂದರ್ಥ. ಬೇಸಿಗೆಯಲ್ಲಿ ಡೀಮೆನ್‌ನಿಂದ ಜಾಂಡ್‌ವೋರ್ಟ್ ಕಡಲ ದಂಡೆಗೆ ಹೋದರೆ, ಅದೃಷ್ಟವಿದ್ದ ರಾತ್ರಿ ಇಲ್ಲೂ ಕಾಣುತ್ತದೆ. ನೀರು ಕದಡಿದರೆ ಮಾತ್ರ ಮಿಂಚುವ ಸೂಕ್ಷ್ಮಜೀವಿ ಅದು.

ಆದರೆ ಮಗಳ ಕಡಲು ಕದಡದೆಯೂ ಬೆಳಗುತ್ತದೆ. ಅಂಥದ್ದನ್ನು ನಾನು ಓದಿದ್ದು ಜೂಲ್ಸ್ ವರ್ನ್‌ನ ‘ಇಪ್ಪತ್ತು ಸಾವಿರ ಲೀಗ್’ ಕಾದಂಬರಿಯಲ್ಲಿ, ಅದೂ ಶಾಲೆಯ ದಿನಗಳಲ್ಲಿ ಸಿಕ್ಕ ಒಂದು ಸಂಕ್ಷಿಪ್ತ ಕನ್ನಡ ಪುಸ್ತಕದಲ್ಲಿ. ಈಗ ಪೂರ್ಣ ಇಂಗ್ಲಿಷ್ ಅನುವಾದ ಹಿಡಿದು, ಮಲಗುವ ಮುನ್ನ ಬಾಯಲ್ಲೇ ಕನ್ನಡ ಮಾಡುತ್ತ ಓದಿ ಹೇಳತೊಡಗಿದೆ.

ಎರಡನೆಯ ಭಾಗದ ಮೊದಲ ಅಧ್ಯಾಯ. 1868ರ ಜನವರಿ 27ರ ಸಂಜೆ ಏಳರ ಹೊತ್ತಿಗೆ ನಾಟಿಲಸ್ ಬಂಗಾಳಕೊಲ್ಲಿಯಲ್ಲಿ ಹಾಲಿನಂಥ ನೀರಿನೊಳಗೆ ಸಾಗುತ್ತದೆ. ಬೆಳದಿಂಗಳಿರಬಹುದೇ? ಇಲ್ಲ, ಚಂದ್ರನಿಲ್ಲ ಎಂದು ವರ್ನ್ ಮೊದಲೇ ಆ ಬಾಗಿಲು ಮುಚ್ಚುತ್ತಾನೆ. ಆಮೇಲೆ ಅವನು ಹೇಳುವುದು ನೀರಿನ ಬಿಳುಪಿನ ಮುಂದೆ ಆಕಾಶ ಎಷ್ಟು ಕಪ್ಪಾಗಿ ಕಂಡಿತು ಎಂಬುದನ್ನು. ನಡುರಾತ್ರಿಗೆ ನೀರು ಎಂದಿನಂತಾಗುತ್ತದೆ, ಹಿಂದೆ ದಿಗಂತದಲ್ಲಿ ಮಾತ್ರ ಬಿಳುಪು ಉಳಿಯುತ್ತದೆ. ವಿಶೇಷಣಗಳ ಸುರಿಮಳೆಯಿಲ್ಲದೆ ಬರೆದ ಪುಟ. ಕ್ಷೀರಸಾಗರವನ್ನು ಯಕ್ಷಗಾನದಲ್ಲಿ ಕೇಳಿ ಬೆಳೆದ ನನಗೆ ಅದು ಮೊದಲ ಸಲ ಅಕ್ಷಾಂಶ ರೇಖಾಂಶವಿರುವ ಜಾಗವಾದದ್ದು ಇಲ್ಲಿ.

ನನಗೆ ಇಷ್ಟವಾದ ಪಾತ್ರ ಆಳು ಕೊನ್ಸೇಲ್. ಒಂದು ಮಿಲಿಮೀಟರಿನ ಐದನೇ ಒಂದು ಭಾಗದಷ್ಟಿರುವ ಜೀವಿಗಳೇ ಈ ಬೆಳಕಿಗೆ ಕಾರಣ, ಹಡಗುಗಳು ಇಂಥ ನೀರಿನಲ್ಲಿ ನಲವತ್ತು ಮೈಲಿಗೂ ಹೆಚ್ಚು ಸಾಗಿದ್ದುಂಟು ಎಂದು ಪ್ರೊಫೆಸರ್ ಅರೊನಾಕ್ಸ್ ಹೇಳಿ, ಎಣಿಸಲು ಹೋಗಬೇಡ ಎಂದೂ ಎಚ್ಚರಿಸುತ್ತಾನೆ. ಕೊನ್ಸೇಲ್ ನಲವತ್ತು ಚದರ ಮೈಲಿಗೆ ಎಷ್ಟಾದಾವು ಎಂದು ಮನಸ್ಸಿನಲ್ಲೇ ಗುಣಿಸತೊಡಗುತ್ತಾನೆ. ವರ್ನ್ ಇದನ್ನು ನಗೆಗೆ ಬಳಸಿದ್ದಾನೆ. ನಾನು ಗಂಭೀರವಾಗಿಯೇ ತೆಗೆದುಕೊಂಡು ಕ್ಯಾಲ್ಕುಲೇಟರ್ ಒತ್ತಿದೆ. ನಾವಿಕ ಮೈಲಿಯ ಲೆಕ್ಕದಲ್ಲಿ ಸುಮಾರು 137 ಚದರ ಕಿಲೋಮೀಟರ್, ನೀರಿನ ಮೇಲೆ ಒಂದೇ ಪದರ ಹಾಸಿದರೂ 34 ಕೋಟಿ ಕೋಟಿ ಜೀವಿಗಳು.

ತಮಾಷೆಯೆಂದರೆ ಕಲ್ಪನೆಗೆ ಹೆಸರಾದ ವರ್ನ್ ಇಲ್ಲಿ ಕಡಿಮೆ ತೋರಿಸಿದ್ದಾನೆ. 1995ರ ಜನವರಿಯಲ್ಲಿ ‘ಲೀಮಾ’ ಎಂಬ ಹಡಗು ಸೊಮಾಲಿಯಾದ ಆಚೆ ಕಂಡ ಹಾಲ್ಗಡಲನ್ನು ವಿಜ್ಞಾನಿಗಳು ಹಳೆಯ ಉಪಗ್ರಹ ಚಿತ್ರಗಳಲ್ಲಿ ಹುಡುಕಿ ಅಳೆದಾಗ ಸಿಕ್ಕಿದ್ದು ಸುಮಾರು 15,400 ಚದರ ಕಿಲೋಮೀಟರ್. 2019ರಲ್ಲಿ ಜಾವಾದ ದಕ್ಷಿಣಕ್ಕೆ ಕಂಡದ್ದು ಒಂದು ಲಕ್ಷಕ್ಕೂ ಮಿಕ್ಕಿ, ಅದರ ನಡುವೆ ಸಾಗಿದ ದೋಣಿಯ ಹೆಸರು ‘ಗಣೇಶ’. ಕಾರಣವಂತೂ ವರ್ನ್ ಹೇಳಿದ್ದಕ್ಕಿಂತಲೂ ಬಹಳ ಸಣ್ಣದು, ಬೆಳಗುವ ಬ್ಯಾಕ್ಟೀರಿಯಾ ಎಂದು ಈಗಿನ ತಿಳಿವಳಿಕೆ.

ಇಷ್ಟನ್ನೂ ಮಗಳಿಗೆ ಹೇಳಿದೆ, ಹಿಗ್ಗಿದಳು. ಹೇಳದೇ ಬಿಟ್ಟದ್ದೊಂದಿತ್ತು. ಹಾಲ್ಗಡಲಿಗೆ ತುಸು ಮುಂಚೆ, ಅದೇ ಕೊಲ್ಲಿಯಲ್ಲಿ, ನಾಟಿಲಸ್‌ಗೆ ಹೆಣಗಳು ಎದುರಾಗುತ್ತವೆ. ಗಂಗೆ ಸಮುದ್ರದವರೆಗೂ ಹೊತ್ತು ತಂದ ಹೆಣಗಳು. ಹದ್ದುಗಳು ತಿಂದು ಮುಗಿಸದ್ದನ್ನು ಶಾರ್ಕುಗಳು ಮುಗಿಸುತ್ತವೆ ಎಂಬರ್ಥದ ಮಾತೂ ಇದೆ. ನನ್ನ ಬಾಲ್ಯದ ಪುಸ್ತಕದಲ್ಲಿ ಇದು ಇರಲಿಲ್ಲ. ಈಗ ಎದುರಾದಾಗ ನಾಲಿಗೆ ತಾನಾಗಿ ಅದನ್ನು ಹಾರಿತು. ಮರುವಾರ ಅವಳು ಗ್ರಂಥಾಲಯದಿಂದ ತಂದ ಡಚ್ ಪ್ರತಿ ಹಿಡಿದು ಬಂದಳು. ‘ಅಪ್ಪ, ನೀನು ಇದನ್ನು ಓದಲೇ ಇಲ್ಲ. ಇವರೆಲ್ಲ ಯಾರು?’

ಗ್ರಾಹಕ ಯಾರಾದರೂ ಒಂದು ಎಂಟ್ರಿ ಮುಚ್ಚಿಟ್ಟರೆ ನಾನು ಸಹಿ ಹಾಕುವವನಲ್ಲ. ಮುಖ ಸಣ್ಣದಾಯಿತು.

ಯಾರು ಎಂದು ವರ್ನ್ ಹೇಳುವುದಿಲ್ಲ. ನನ್ನ ತಕರಾರು ಇರುವುದು ಅಲ್ಲಿಯೇ. ಕಣ್ಣಿಗೆ ಕಾಣದ ಜೀವಿಗೆ ಅವನು ಉದ್ದ ಕೊಡುತ್ತಾನೆ, ಪ್ರೊಫೆಸರರಿಂದ ಪಾಠ ಮಾಡಿಸುತ್ತಾನೆ. ತೇಲುವ ಮನುಷ್ಯರ ಬಗ್ಗೆ ಕೊನ್ಸೇಲ್ ಏನನ್ನೂ ಕೇಳುವುದಿಲ್ಲ, ಅರೊನಾಕ್ಸ್ ಏನನ್ನೂ ವಿವರಿಸುವುದಿಲ್ಲ. ಕತೆಯ ಕಾಲಕ್ಕೆ ಎರಡೇ ವರ್ಷ ಮುಂಚೆ, ಅದೇ ಕೊಲ್ಲಿಯ ದಡದ ಒರಿಸ್ಸಾದಲ್ಲಿ, 1866ರ ಬರಕ್ಕೆ ಸುಮಾರು ಹತ್ತು ಲಕ್ಷ ಜನ ಸತ್ತಿದ್ದರು. ಆ ಪುಟದಲ್ಲಿ ಸಾವು ಮಾತ್ರ ಭಾರತದ ಒಂದು ದೃಶ್ಯವಾಗಿ ಬಂದು ಹೋಗುತ್ತದೆ, ಹಿಂದೆಯೇ ಹಾಲಿನ ಬಿಳುಪು ಬಂದು ಓದುಗನ ಕಣ್ಣು ತೊಳೆಯುತ್ತದೆ. ನನ್ನ ಕಣ್ಣನ್ನೂ ತೊಳೆದಿತ್ತಲ್ಲ.

ಹಾಗೆಂದು ವರ್ನ್‌ಗೆ ನಮ್ಮವರ ಮೇಲೆ ಕನಿಕರವಿರಲಿಲ್ಲ ಎನ್ನಲಾರೆ. ನೀಮೋನನ್ನು ಮೊದಲು ಪೋಲೆಂಡಿನವನಾಗಿ ಯೋಚಿಸಿದ್ದವನು, 1875ರಲ್ಲಿ ಮುಗಿದ ‘ರಹಸ್ಯ ದ್ವೀಪ’ದಲ್ಲಿ ಅವನನ್ನು ಬುಂದೇಲಖಂಡದ ರಾಜಕುಮಾರ ಡಕ್ಕರ್ ಮಾಡಿದ, ಅದೂ ನಮ್ಮ ಟಿಪ್ಪುವಿನ ಸೋದರಳಿಯನೆಂದು! ಇತಿಹಾಸದ ಲೆಕ್ಕಕ್ಕೆ ಕೂಡದ ನೆಂಟಸ್ತನ, ಇರಲಿ. ಆದರೆ ಅದನ್ನು ತಿಳಿದು ಹಿಂದಿರುಗಿ ಓದಿದರೆ ಹೆಣಗಳ ಸಾಲುಗಳು ಇನ್ನೂ ಚುಚ್ಚುತ್ತವೆ. ತನ್ನ ನಾಡಿನವರು ತೇಲಿಹೋಗುವಾಗ ನೀಮೋ ಆ ಪುಟದಲ್ಲಿ ಇಲ್ಲವೇ ಇಲ್ಲ.

ಮಗಳಿಗೆ ಒರಿಸ್ಸಾದ ಬರದ ಬಗ್ಗೆ ಹೇಳಿದೆ. ಕೇಳಿ, ನಕ್ಷೆಯ ಕಡಲಿಗೆ ಒಂದು ನದಿ ಎಳೆದಳು, ಯಾಕೆಂದು ನಾನು ಕೇಳಲಿಲ್ಲ. ಈಗ ಏನನ್ನೂ ಹಾರಿಸದೆ ಓದುತ್ತಿದ್ದೇವೆ. ಸಿಲೋನಿನ ಅಧ್ಯಾಯದಲ್ಲಿದ್ದೇವೆ. ಮುತ್ತು ಹೆಕ್ಕುವ ಬಡ ಭಾರತೀಯನೊಬ್ಬನನ್ನು ಶಾರ್ಕಿನ ಬಾಯಿಂದ ಬಿಡಿಸಿ, ನೀಮೋ ಅವನ ಕೈಗೆ ಮುತ್ತಿನ ಚೀಲ ಇಟ್ಟಿದ್ದಾನೆ.