ಹ್ಯಾಡ್‌ಫೀಲ್ಡರ ಕಾಲುವೆ ಚರಿತ್ರೆಯಲ್ಲಿ ಕರ್ತೃತ್ವ ವಿಚಾರ

ಬ್ರಿಟನ್ನಿನ ಕಾಲುವೆಗಳ ಚರಿತ್ರೆಯನ್ನು ಬರೆದವರಲ್ಲಿ ಚಾರ್ಲ್ಸ್ ಹ್ಯಾಡ್‌ಫೀಲ್ಡರು (1909–1996) ಅಗ್ರಗಣ್ಯರು. 1950ರಲ್ಲಿ ಪ್ರಕಟವಾದ ‘ಬ್ರಿಟಿಷ್ ಕೆನಾಲ್ಸ್’ ಮೊದಲುಗೊಂಡು ಅವರ ಕಾಲುವೆ ಗ್ರಂಥಗಳು ಬಹುಮಟ್ಟಿಗೆ ಕಾಲುವೆ ಕಂಪೆನಿಗಳ ನಡವಳಿ ಪುಸ್ತಕಗಳನ್ನೂ ಲೆಕ್ಕಪತ್ರಗಳನ್ನೂ ಆಧರಿಸಿ ನಿಂತವು. 1993ರಲ್ಲಿ, ಇಳಿವಯಸ್ಸಿನಲ್ಲಿ, ಅವರು ಹೊರತಂದ ‘ಥಾಮಸ್ ಟೆಲ್‌ಫರ್ಡ್ಸ್ ಟೆಂಪ್ಟೇಷನ್’ ಈ ಪದ್ಧತಿಯ ಬಲವನ್ನೂ ಮಿತಿಯನ್ನೂ ಒಟ್ಟಿಗೆ ತೋರಿಸುವುದು.

ವಿವಾದಕ್ಕೆ ಮುಖ್ಯವಾದುದು ವೇಲ್ಸಿನಲ್ಲಿ ಡೀ ನದಿಯ ಮೇಲೆ 1805ರಲ್ಲಿ ತೆರೆದ ಪಾಂಟ್‌ಕಿಸಿಲ್ತೆ ಮೇಲ್ಗಾಲುವೆ. ಕಲ್ಲಿನ 18 ಕಂಬಗಳ ಮೇಲೆ ಎರಕದ ಕಬ್ಬಿಣದ ತೊಟ್ಟಿಯನ್ನಿರಿಸಿ, ಸುಮಾರು 126 ಅಡಿ ಎತ್ತರದಲ್ಲಿ ದೋಣಿಗಳನ್ನು ದಾಟಿಸುವ ಈ ನಿರ್ಮಾಣವು 2009ರಲ್ಲಿ ವಿಶ್ವಪರಂಪರೆಯ ಪಟ್ಟಿಯನ್ನು ಸೇರಿತು. ಇದರ ಕೀರ್ತಿಯು ಬಹುಕಾಲ ಟೆಲ್‌ಫರ್ಡನೊಬ್ಬನಿಗೇ ಸಂದಿತು. ಆದರೆ 1793ರಲ್ಲಿ ಅವನು ಎಲ್ಸ್‌ಮಿಯರ್ ಕಾಲುವೆಯ ಕೆಲಸಕ್ಕೆ ಸೇರಿದಾಗ ಪ್ರಧಾನ ಎಂಜಿನಿಯರನಾಗಿದ್ದವನು ವಿಲಿಯಂ ಜೆಸಪ್. 1795ರಲ್ಲಿ ಕಬ್ಬಿಣದ ತೊಟ್ಟಿಯನ್ನು ಸಮಿತಿಗೆ ಶಿಫಾರಸು ಮಾಡಿದವನೂ ಅವನೇ. ಜೆಸಪನು 1814ರಲ್ಲಿ ತೀರಿಕೊಂಡನು. ಟೆಲ್‌ಫರ್ಡನು 1834ರವರೆಗೆ ಬಾಳಿ, ತನ್ನ ಚರಿತ್ರೆಯನ್ನು ತಾನೇ ಬರೆದಿಟ್ಟನು. 1838ರಲ್ಲಿ ಅಚ್ಚಾದ ಆ ಗ್ರಂಥವು ಜೆಸಪನಿಗೆ ಅವನ ಪಾಲನ್ನು ಸಲ್ಲಿಸಲಿಲ್ಲವೆಂಬುದೇ ಹ್ಯಾಡ್‌ಫೀಲ್ಡರ ಆಕ್ಷೇಪಣೆ.

ಈ ಆಕ್ಷೇಪಣೆಯ ಪೂರ್ವಾರ್ಧವು ಅಲ್ಲಗಳೆಯಲಾಗದುದು. ಉಳಿದವನ ಮಾತನ್ನೇ ಪ್ರಮಾಣವೆಂದು ನಂಬಿದ ಚರಿತ್ರೆಯನ್ನು ಸಮಕಾಲೀನ ದಾಖಲೆಗಳಿಂದ ತಿದ್ದಿದುದು ದೊಡ್ಡ ಉಪಕಾರ. ಉತ್ತರಾರ್ಧವಾದರೋ ಸಂದೇಹಾಸ್ಪದವಾಗಿದೆ. ಮೌನವು ದಾಖಲೆಯಿಂದ ಸಿದ್ಧವಾಗಬಹುದು. ಆ ಮೌನದ ಹಿಂದಿನ ಆಶಯವು ಹಾಗೆ ಸಿದ್ಧವಾಗದು. ‘ಪ್ರಲೋಭನೆ’ ಎಂಬ ಮಾತು ಸಾಕ್ಷ್ಯವನ್ನು ಮೀರಿ ತೀರ್ಪಿನ ಕಡೆಗೆ ವಾಲುತ್ತದೆ. ಮೇಲಾಗಿ, ಲಾಂಗ್ಡನ್ ಎಂಬಲ್ಲಿ 1797ರ ವೇಳೆಗೆ ಕಬ್ಬಿಣದ ತೊಟ್ಟಿಯ ಮೇಲ್ಗಾಲುವೆಯನ್ನು ಕಟ್ಟಿಸಿದವನು ಟೆಲ್‌ಫರ್ಡನೇ. ಶಿಫಾರಸು ಮಾಡಿದವನೊಬ್ಬ, ಕಟ್ಟಿ ತೋರಿಸಿದವನೊಬ್ಬ. ಇವರಲ್ಲಿ ಕರ್ತೃವು ಯಾರೆಂಬ ಪ್ರಶ್ನೆಗೆ ಒಂದೇ ಹೆಸರು ಉತ್ತರವಾಗಲಾರದು.

ಇಬ್ಬರ ವ್ಯಾಜ್ಯದಲ್ಲಿ ಮರೆಯಾಗುವವರೂ ಉಂಟು. ಕಬ್ಬಿಣವನ್ನೊದಗಿಸಿದ ವಿಲಿಯಂ ಹೇಜಲ್‌ಡೀನ್, ಕೆಲಸದ ಮೇಲ್ವಿಚಾರಣೆಯನ್ನು ನೋಡಿಕೊಂಡ ಮ್ಯಾಥ್ಯೂ ಡೇವಿಡ್‌ಸನ್, ಹೆಸರೇ ಉಳಿಯದ ಕಲ್ಲುಕುಟಿಗರು, ಇವರೆಲ್ಲರ ಕೈಯೂ ಆ ಕಂಬಗಳಲ್ಲಿದೆ. ಜೆಸಪನಿಗೆ ನ್ಯಾಯ ದೊರಕಿಸಿದ ಪದ್ಧತಿಯನ್ನೇ ಇವರವರೆಗೂ ಒಯ್ದಿದ್ದರೆ ಹ್ಯಾಡ್‌ಫೀಲ್ಡರ ಗ್ರಂಥವು ವಾದವಾಗಿ ನಿಲ್ಲದೆ ಪೂರ್ಣಚರಿತ್ರೆಯಾಗುತ್ತಿತ್ತು.