ತಲೆ ಯಾರದು, ದೇಹ ಯಾರದು?

ಗಿರೀಶ ಕಾರ್ನಾಡರ ‘ಹಯವದನ’ 1971ರ ನಾಟಕ. ಅದರ ಕಥೆ ನಮ್ಮ ವಾಚಕರಲ್ಲಿ ಅನೇಕರಿಗೆ ಪರಿಚಿತ. ಗೆಳೆಯರಾದ ದೇವದತ್ತ, ಕಪಿಲರು ಕಾಳಿಯ ಗುಡಿಯಲ್ಲಿ ತಲೆ ಕಡಿದುಕೊಳ್ಳುತ್ತಾರೆ. ಕಾಳಿ ನಿದ್ದೆಗಣ್ಣಿನಲ್ಲೇ ವರ ಕೊಡುತ್ತಾಳೆ. ದೇವದತ್ತನ ಹೆಂಡತಿ ಪದ್ಮಿನಿ ಕತ್ತಲಲ್ಲಿ ಒಬ್ಬನ ತಲೆಯನ್ನು ಇನ್ನೊಬ್ಬನ ಮುಂಡಕ್ಕೆ ಜೋಡಿಸಿಬಿಡುತ್ತಾಳೆ. ರಂಗದ ಮೇಲೆ ಇದಕ್ಕೆ ಬೇಕಾದದ್ದು ಇಷ್ಟೇ: ನಟರಿಬ್ಬರೂ ಮುಖವಾಡಗಳನ್ನು ಅದಲುಬದಲು ಮಾಡಿಕೊಳ್ಳುವುದು.

ಇದನ್ನು ಮನುಷ್ಯನ ಅಪೂರ್ಣತೆಯ ನಾಟಕವೆಂದು ಓದುವುದು ರೂಢಿ. ಈಚೆಗೆ ಮತ್ತೆ ಓದಿದಾಗ ನಮಗೆ ಇನ್ನೊಂದು ನೆನಪಾಯಿತು. 2023ರ ನವೆಂಬರಿನಲ್ಲಿ, ಕೊಡಗು ಮೂಲದ ನಟಿ ರಶ್ಮಿಕಾ ಮಂದಣ್ಣ ಅವರ ಮುಖವನ್ನು ಬೇರೊಬ್ಬ ಮಹಿಳೆಯ ವಿಡಿಯೋಕ್ಕೆ ಅಂಟಿಸಿದ ‘ಡೀಪ್‌ಫೇಕ್’ ದೇಶದ ತುಂಬ ಹರಡಿತ್ತು.

ನಾಟಕದಲ್ಲಿ ಪದ್ಮಿನಿಯ ಗಂಡ ಯಾರೆಂಬ ತಂಟೆ ಬಂದಾಗ, ಅಂಗಗಳಲ್ಲಿ ಶಿರಸ್ಸೇ ಶ್ರೇಷ್ಠವೆಂದು ಋಷಿ ತೀರ್ಪು ಕೊಡುತ್ತಾನೆ. ಕಾರ್ನಾಡರು ಅದನ್ನು ಒಪ್ಪಿ ಕೂರುವುದಿಲ್ಲ. ದೇಹಕ್ಕೂ ತನ್ನದೇ ನೆನಪುಂಟೆಂದು ತೋರಿಸುತ್ತಾರೆ. ಅಲ್ಲೇ ನಾಟಕದ ಸತ್ತ್ವವಿದೆ. ನಾವಾದರೋ 2023ರಲ್ಲಿ ಋಷಿಯ ತೀರ್ಪನ್ನೇ ಎತ್ತಿಹಿಡಿದೆವು. ಮುಖ ಯಾರದೆಂದು ಎಲ್ಲರೂ ಮಾತಾಡಿದರು; ತನ್ನ ದೇಹದಿಂದ ತನ್ನ ಮುಖವನ್ನೇ ಅಳಿಸಿಕೊಂಡ ಆ ಇನ್ನೊಬ್ಬಳ ನೋವನ್ನು ಕೇಳಿದವರು ಕಡಮೆ.

ಒಂದು ಆಕ್ಷೇಪವನ್ನೂ ಹೇಳಬೇಕು. ತಲೆ ಅದಲುಬದಲಾದದ್ದು ಗಡಿಬಿಡಿಯಿಂದಲೋ ಬಯಕೆಯಿಂದಲೋ ಎಂಬ ಸಂಶಯವನ್ನು ನಾಟಕ ಹೆಣ್ಣಿನ ಮೇಲೆಯೇ ಉಳಿಸುತ್ತದೆ. ಇಂದಿನ ಪ್ರಕರಣದಲ್ಲಿ ಹೆಣ್ಣುಮಕ್ಕಳಿಬ್ಬರೂ ನಿರಪರಾಧಿಗಳು. ಜೋಡಿಸಿದ ಕೈ ಪರದೆಯ ಹಿಂದೆ. ರಂಗದ ಮುಖವಾಡ ತಾನು ಮುಖವಾಡವೆಂದು ಸಾರಿಕೊಂಡೇ ಬರುತ್ತದೆ, ಈ ಮುಖವಾಡ ಮುಖವೆಂದೇ ನಂಬಿಸುತ್ತದೆ. ಇಂಥ ಶಕ್ತಿಯನ್ನು ಎಲ್ಲರ ಕೈಗೂ ಕೊಟ್ಟ ದೊಡ್ಡ ಕಂಪನಿಗಳೋ, ಆಕಳಿಸುವ ಕಾಳಿಯಂತೆ!

ಹೆಸರು ಮರೆಸಿಕೊಳ್ಳುವುದೆಲ್ಲ ತಪ್ಪೆಂದು ನಾವು ಹೇಳುವುದಿಲ್ಲ. ಅಂಜಿಕೆಯಿಂದ ಹೆಸರು ಮುಚ್ಚಿಟ್ಟು ತನ್ನ ಕಷ್ಟ ತೋಡಿಕೊಳ್ಳುವವಳಿಗೆ ಆ ಮರೆ ಬೇಕು. ಆದರೆ ತನ್ನ ಮುಖ ಮುಚ್ಚಿಕೊಂಡು ಪರರ ಮುಖವನ್ನು ಬೀದಿಗೆಳೆಯುವುದು ಬೇರೆ ಮಾತು.

ಹೊರನಾಡಿನಲ್ಲಿರುವ ನಮ್ಮ ಮಕ್ಕಳ ಮುಖ ಊರಿನ ಅಜ್ಜಿಗೆ ಕಾಣುವುದೇ ಮೊಬೈಲಿನಲ್ಲಿ. ಚಿತ್ರ ಕಳಿಸಬೇಡಿರೆಂದರೆ ನಡೆಯದು. ಆದರೆ ಅಂಥದೊಂದು ವಿಡಿಯೋ ನಮ್ಮ ಕೈಗೆ ಬಂದ ದಿನ, ಮಗಳನ್ನು ವಿಚಾರಿಸುವ ಮೊದಲು ‘ಜೋಡಿಸಿದವರಾರು?’ ಎಂದು ಕೇಳುವಷ್ಟು ವಿವೇಕ ನಮ್ಮಲ್ಲಿರಲಿ. ‘ಹಯವದನ’ವನ್ನು ಮತ್ತೊಮ್ಮೆ ಓದಲು ಇದೊಂದೇ ಕಾರಣ ಸಾಕು.