ಮುಖವಾಡ ಯಾರಿಗೆ ಸಿಗುತ್ತದೆ?

ಮುಖ ಸುಟ್ಟುಹೋದ ಇಬ್ಬರು ಒಂದೇ ಸಿನಿಮಾದಲ್ಲಿದ್ದಾರೆ. ಒಬ್ಬನಿಗೆ ಹೊಸ ಮುಖ ಸಿಗುತ್ತದೆ, ಇನ್ನೊಬ್ಬಳಿಗೆ ಸಮುದ್ರ. ಜಪಾನಿನ ಹಿರೋಶಿ ತೆಶಿಗಹಾರ 1966ರಲ್ಲಿ ತೆಗೆದ 'ಇನ್ನೊಬ್ಬನ ಮುಖ' ಚಿತ್ರವನ್ನು ನಾವು ಇಲ್ಲಿಂದಲೇ ನೋಡಬೇಕು. 1964ರ ತನ್ನದೇ ಕಾದಂಬರಿಯಿಂದ ಕೋಬೊ ಅಬೆ ಇದಕ್ಕೆ ಚಿತ್ರಕತೆ ಬರೆದ.

ಒಕುಯಾಮ ಕಂಪನಿಯಲ್ಲಿ ಒಳ್ಳೇ ಹುದ್ದೆಯಲ್ಲಿದ್ದವನು. ಕೆಲಸದಲ್ಲಿ ಅಪಘಾತವಾಗಿ ಮುಖ ಸುಟ್ಟಿದೆ. ತಲೆತುಂಬ ಬ್ಯಾಂಡೇಜು. ಹೆಂಡತಿಯೂ ಹತ್ತಿರ ಸೇರಿಸುವುದಿಲ್ಲ. ಮನೋವೈದ್ಯನೊಬ್ಬ ದುಡ್ಡು ಕೊಟ್ಟು ಅಪರಿಚಿತನ ಮುಖದ ಅಚ್ಚು ತೆಗೆದು ಇವನಿಗೆ ಮುಖವಾಡ ಮಾಡುತ್ತಾನೆ. ಅದನ್ನು ತೊಟ್ಟು ಇವನು ಸ್ವಂತ ಹೆಂಡತಿಯನ್ನೇ ಪರಪುರುಷನ ಹಾಗೆ ಒಲಿಸಿಕೊಳ್ಳುತ್ತಾನೆ. ಆಕೆಗೋ ಮೊದಲಿಂದಲೇ ಗೊತ್ತಿತ್ತು! ಬಾಡಿಗೆ ಮನೆಯ ಮೇಲ್ವಿಚಾರಕನ ಮಗಳು, ಬುದ್ಧಿ ಬೆಳೆಯದವಳು ಅಂತ ಎಲ್ಲರೂ ಬದಿಗಿಟ್ಟವಳು, ಅವಳೂ ಇವನನ್ನು ಗುರುತು ಹಿಡಿಯುತ್ತಾಳೆ.

1960ರಲ್ಲಿ ಆದಾಯ ದುಪ್ಪಟ್ಟು ಮಾಡುವ ಯೋಜನೆ, 1964ರಲ್ಲಿ ಟೋಕಿಯೋ ಒಲಿಂಪಿಕ್ಸ್. ಸೋತ ದೇಶ ಹೊಸ ಮುಖ ತೊಟ್ಟುಕೊಳ್ಳುತ್ತಿದ್ದ ಕಾಲ ಅದು. ಎಲ್ಲರೂ ಒಂದೇ ಥರದ ಕೋಟು, ಒಂದೇ ಥರದ ನಗೆ. ನವ್ಯದವರು ಇದನ್ನು 'ಪರಕೀಯತೆ' ಅಂದು ಒಕುಯಾಮನ ಒಳಗುದಿಯಲ್ಲೇ ನಿಂತುಬಿಡುತ್ತಾರೆ.

ಆದರೆ ಚಿತ್ರದ ಬದಿಯಲ್ಲಿ ಇನ್ನೊಂದು ಕತೆ ಇದೆಯಲ್ಲ? ನಾಗಸಾಕಿಯ ಹುಡುಗಿ. ಮುಖದ ಒಂದು ಪಕ್ಕ ಚೆಲುವು, ಇನ್ನೊಂದು ಪಕ್ಕ ಬಾಂಬಿನ ಗಾಯ. ಚೆಲುವಿನ ಪಕ್ಕ ಕಂಡು ಹಿಂದೆ ಬಿದ್ದ ಹುಡುಗರು ಆಕೆ ತಿರುಗಿದೊಡನೆ ಹೌಹಾರುತ್ತಾರೆ. ತಲೆ ಕೆಟ್ಟ ಮಾಜಿ ಸೈನಿಕರ ಆಸ್ಪತ್ರೆಯಲ್ಲಿ ಆಕೆ ಕೆಲಸ ಮಾಡುತ್ತಾಳೆ. ಅಲ್ಲೂ ಒಬ್ಬ ಮೈಮೇಲೆ ಬೀಳುತ್ತಾನೆ. ಮತ್ತೆ ಯುದ್ಧ ಬರುತ್ತದಾ ಅಂತ ಅಣ್ಣನನ್ನು ಕೇಳುತ್ತಾಳೆ. ಕಡೆಗೆ ಸಮುದ್ರಕ್ಕೆ ನಡೆದುಹೋಗುತ್ತಾಳೆ.

ಒಕುಯಾಮನದು ಅಪಘಾತ. ಇವಳದು ಅಪಘಾತವಲ್ಲ. 1945ರ ಆಗಸ್ಟ್ 9ರಂದು ಒಂದು ಸರ್ಕಾರ ಯೋಚಿಸಿಯೇ ಹಾಕಿದ ಬಾಂಬು. ಆ ಯುದ್ಧಕ್ಕೆ ಹೋದದ್ದು ಇವಳದೇ ದೇಶದ ಸರ್ಕಾರ. 1955ರಲ್ಲಿ ಹಿರೋಶಿಮಾದ 25 ಯುವತಿಯರನ್ನು ಮುಖ, ಕೈ ಸರಿಪಡಿಸಲು ಅಮೆರಿಕಕ್ಕೆ ಕರೆದೊಯ್ದರು. ಬಾಂಬು ಹಾಕಿದ ದೇಶಕ್ಕೇ! ಅದು ದಾನಿಗಳ ಕರುಣೆ. ಉಳಿದ ಸಾವಿರಾರು ಮಂದಿಯ ಪಾಡೇನು?

ಚಿತ್ರದ ಕೊನೆಯಲ್ಲಿ ಮುಖವೇ ಇಲ್ಲದ ಜನ ಗುಂಪುಗುಂಪಾಗಿ ಬೀದಿಯಲ್ಲಿ ಬರುತ್ತಾರೆ. ದೃಶ್ಯ ಎದೆ ನಡುಗಿಸುತ್ತದೆ, ನಿಜ. ಆದರೆ ಎಲ್ಲರೂ ಒಂದೇ ರೀತಿ ಮುಖ ಕಳಕೊಂಡವರು ಅನ್ನುವ ಮಾತು ಒಪ್ಪುವಂಥದ್ದಲ್ಲ. ಆ ಗುಂಪಿನಲ್ಲಿ ನಾಗಸಾಕಿಯ ಹುಡುಗಿ ಇಲ್ಲ. ಆಕೆಗೆ ಮುಖವಿತ್ತು, ನೋಡಲಾರದೆ ತಿರುಗಿಕೊಂಡವರು ಆ ಜನ. ತೆಶಿಗಹಾರ ಆಕೆಯನ್ನು ಬದಿಯಲ್ಲಿಟ್ಟ, ಹೆಸರನ್ನೂ ಕೊಡಲಿಲ್ಲ. ಆದರೂ ಅಳಿಸಿಹಾಕಲಿಲ್ಲ. ಚಿತ್ರದ ಸತ್ಯ ಇರೋದು ಆ ಬದಿಯಲ್ಲೇ.